ಝಾನ್ ಮೊರೋ: ಮುಖ, ನಡಿಗೆ, ದನಿ



ರಂಗಭೂಮಿ ಮತ್ತು ಸಿನಿಮಾ ಕಲಾವಿದರೊಬ್ಬರ ಬದುಕು, ಸಾಧನೆ ಕುರಿತು ಮಾತನಾಡಬೇಕೆಂಬುದು ಈ ದತ್ತಿ ಉಪನ್ಯಾಸದ ಆಶಯ. ನಾನು ಆರಿಸಿಕೊಂಡಿರುವುದು ಫ್ರಾನ್ಸಿನ ನಟಿ, ಗಾಯಕಿ ಝಾನ್ ಮೊರೋ ಅವರನ್ನು. 1928ರ ಜನವರಿ 23ರಂದು ಪ್ಯಾರಿಸ್ಸಿನಲ್ಲಿ ಹುಟ್ಟಿದವರು, 2017ರ ಜುಲೈ 31ರಂದು ಅದೇ ನಗರದಲ್ಲಿ ತೀರಿಕೊಂಡರು. ಇಪ್ಪತ್ತರ ಹರೆಯದಲ್ಲಿ ಶುರುವಾದ ಕೆಲಸ ಎಂಬತ್ತು ದಾಟಿದ ಮೇಲೂ ನಿಲ್ಲಲಿಲ್ಲ. ಚಿತ್ರಗಳ ಹೆಸರನ್ನು ನಮ್ಮ ಫಿಲ್ಮ್ ಸೊಸೈಟಿಗಳಲ್ಲಿ ರೂಢಿಯಲ್ಲಿರುವಂತೆ ಹೆಚ್ಚಾಗಿ ಇಂಗ್ಲಿಷಿನಲ್ಲೇ ಹೇಳುತ್ತೇನೆ. ಹುಡುಕಿ ನೋಡುವವರಿಗೆ ಅದೇ ಅನುಕೂಲ.

ಮೊರೋ ಅವರ ಬಗ್ಗೆ ಬರೆದವರಲ್ಲಿ ಬಹುಪಾಲು ಜನ ಅವರನ್ನು ಫ್ರೆಂಚ್ ಸಿನಿಮಾದ ಹೊಸ ಅಲೆ ಎಂಬ ಚಳವಳಿಯ ನಿರ್ದೇಶಕರಿಗೆ ಸ್ಫೂರ್ತಿಯಾದ ಹೆಣ್ಣು ಎಂದೇ ಬಣ್ಣಿಸುತ್ತಾರೆ. ಇದು ಹೊಗಳಿಕೆಯಂತೆ ಕೇಳಿಸುತ್ತದೆ. ಆದರೆ ಹಾಗೆಂದ ಕೂಡಲೇ ಕೆಲಸ ಮಾಡಿದವರು ಗಂಡಸರು, ಮೊರೋ ಸುಮ್ಮನೆ ಎದುರಿಗೆ ನಿಂತಿದ್ದರು ಎಂದಾಗಿಬಿಡುತ್ತದೆ. ನಾನು ಇದನ್ನು ಒಪ್ಪುವುದಿಲ್ಲ. ನಿರ್ದೇಶಕ ಲೂಯಿ ಮಾಲ್ ಅವರ ಕೈಗೆ ಸಿಕ್ಕಾಗ ಮೊರೋ ಹತ್ತು ವರ್ಷ ರಂಗದ ಮೇಲೆ ಪಳಗಿದ್ದ ನಟಿ. ಮಾಲ್ ಆಗಿನ್ನೂ ಇಪ್ಪತ್ತೈದರ ಆಸುಪಾಸಿನ ಹುಡುಗ. ಯಾರು ಯಾರನ್ನು ರೂಪಿಸಿದರು ಎಂಬ ಪ್ರಶ್ನೆಯನ್ನು ಇಟ್ಟುಕೊಂಡು ಆ ಚಿತ್ರಗಳನ್ನು ಮತ್ತೆ ನೋಡಬೇಕಾಗಿದೆ. ನನ್ನ ಇಂದಿನ ಮಾತೆಲ್ಲ ಅದಕ್ಕಾಗಿಯೇ.

ತಂದೆ ಹೋಟೆಲ್ ನಡೆಸುತ್ತಿದ್ದ ಫ್ರೆಂಚ್ ಗೃಹಸ್ಥ. ತಾಯಿ ಇಂಗ್ಲೆಂಡಿನ ಲ್ಯಾಂಕಶೈರ್ ಸೀಮೆಯ ಓಲ್ಡಮ್‌ನವರು. ಪ್ಯಾರಿಸ್ಸಿನ ಫೋಲಿ ಬೆರ್ಜೇರ್ ರಂಗಮಂದಿರದಲ್ಲಿ ನರ್ತಕಿಯಾಗಿದ್ದವರು. ಹೀಗಾಗಿ ಮನೆಯಲ್ಲಿ ಎರಡು ಭಾಷೆ. ಮುಂದೆ ಇಂಗ್ಲಿಷ್ ಚಿತ್ರಗಳಲ್ಲಿ ಮೊರೋ ಸಲೀಸಾಗಿ ಮಾತನಾಡಲು ಇದೇ ಕಾರಣ. 1940ರಲ್ಲಿ ಜರ್ಮನ್ ಸೇನೆ ಪ್ಯಾರಿಸ್ಸನ್ನು ಹಿಡಿದಾಗ ಈ ಇಂಗ್ಲಿಷ್ ತಾಯಿ ಶತ್ರುದೇಶದ ಪ್ರಜೆಯೆನಿಸಿಕೊಂಡರು. ಅಧಿಕಾರಿಗಳ ಮುಂದೆ ಹಾಜರಿ ಹಾಕುತ್ತ ದಿನ ನೂಕಬೇಕಾಯಿತು. ಯುದ್ಧ ಮುಗಿದ ಮೇಲೆ ದಾಂಪತ್ಯ ಮುರಿಯಿತು. ತಾಯಿ ಕಿರಿಯ ಮಗಳನ್ನು ಕರೆದುಕೊಂಡು ಇಂಗ್ಲೆಂಡಿಗೆ ಹೋದರು. ಹಿರಿಯವಳಾದ ಝಾನ್ ತಂದೆಯ ಜೊತೆ ಉಳಿದರು.

ತಂದೆಗೆ ನಾಟಕವೆಂದರೆ ಆಗದು. 1944ರಲ್ಲಿ, ನಗರ ಇನ್ನೂ ಜರ್ಮನರ ಕೈಯಲ್ಲಿದ್ದಾಗ, ಝಾಂ ಅನೂಯಿ ಅವರ 'ಆಂಟಿಗನಿ' ನಾಟಕ ರಂಗಕ್ಕೆ ಬಂತು. ರಾಜಾಜ್ಞೆಗೆ ಬಗ್ಗದೆ ಅಣ್ಣನ ಹೆಣಕ್ಕೆ ಮಣ್ಣು ಕೊಟ್ಟು ಸಾಯುವ ಹುಡುಗಿಯ ಕಥೆ ಅದು. ಆಕ್ರಮಿತ ನಗರದಲ್ಲಿ ಅದನ್ನು ನೋಡಿದವರಿಗೆ ಅದು ಬರೀ ಗ್ರೀಕ್ ಕಥೆಯಾಗಿ ಉಳಿದಿರಲಾರದು. ಹದಿನಾರರ ಝಾನ್ ಮನೆಯಲ್ಲಿ ಹೇಳದೆ ಹೋಗಿ ಆ ನಾಟಕ ನೋಡಿ, ತಾನು ನಟಿಯೇ ಆಗುವುದೆಂದು ನಿಶ್ಚಯಿಸಿಬಿಟ್ಟರು. ತಂದೆ ಕೆರಳಿದರು; ಮಗಳು ಪಟ್ಟು ಬಿಡಲಿಲ್ಲ. ಪ್ಯಾರಿಸ್ ಕನ್ಸರ್ವೇಟರಿಯಲ್ಲಿ ಓದು ನಡೆಯಿತು. ರಂಗನಿರ್ದೇಶಕ ಝಾಂ ವಿಲಾರ್ 1947ರಲ್ಲಿ ಅವಿನ್ಯೋನ್ ಊರಿನಲ್ಲಿ ಆರಂಭಿಸಿದ ಮೊಟ್ಟಮೊದಲ ನಾಟಕೋತ್ಸವದಲ್ಲೇ ಮೊರೋ ಸಣ್ಣ ಪಾತ್ರಗಳಲ್ಲಿದ್ದರು. ಅಲ್ಲಿಂದ ಫ್ರಾನ್ಸಿನ ರಾಷ್ಟ್ರೀಯ ರಂಗಸಂಸ್ಥೆ ಕಾಮೆದಿ ಫ್ರಾನ್ಸೇಸ್. ಇಪ್ಪತ್ತರ ವಯಸ್ಸಿಗೆ ಆ ಮನೆಯೊಳಗೆ ಕಾಲಿಡುವುದು ಸಣ್ಣ ಮಾತಲ್ಲ. ಅದನ್ನು ಕೆಲವೇ ವರ್ಷಗಳಲ್ಲಿ ಬಿಟ್ಟು ಹೊರಡುವುದಂತೂ ಇನ್ನೂ ದೊಡ್ಡ ಮಾತು. ಮೊರೋ ಬಿಟ್ಟರು. ವಿಲಾರ್ ಅವರ ಜನತಾ ರಂಗಭೂಮಿಗೆ ಹೋಗಿ ನಟ ಜೆರಾರ್ ಫಿಲಿಪ್ ಜೊತೆ ನಟಿಸಿದರು. ಆಮೇಲೆ ಪೀಟರ್ ಬ್ರೂಕ್ ಪ್ಯಾರಿಸ್ಸಿನಲ್ಲಿ 'ಕ್ಯಾಟ್ ಆನ್ ಎ ಹಾಟ್ ಟಿನ್ ರೂಫ್' ನಾಟಕ ಮಾಡಿಸಿದಾಗ ಮುಖ್ಯ ಪಾತ್ರ ಅವರದೇ. ಅದೇ ಬ್ರೂಕ್, ಮುಂದೆ 'ಮಹಾಭಾರತ'ವನ್ನು ಒಂಬತ್ತು ಗಂಟೆಯ ನಾಟಕ ಮಾಡಿ ನಮಗೆಲ್ಲ ಪರಿಚಿತರಾದವರು.

ರಂಗದ ಮೇಲೆ ಇಷ್ಟೆಲ್ಲ ಹೆಸರಾಗಿದ್ದರೂ ಸಿನಿಮಾದವರಿಗೆ ಮೊರೋ ಅವರ ಮುಖ ಹಿಡಿಸಿರಲಿಲ್ಲ. ಕಣ್ಣಿನ ಕೆಳಗೆ ಕಪ್ಪು, ಎಳೆದಂತೆ ಕೆಳಗಿಳಿದ ತುಟಿಯಂಚು, ಎಡ ಬಲ ಒಂದೇ ಸಮ ಇಲ್ಲದ ಮುಖ. ಕ್ಯಾಮೆರಾಕ್ಕೆ ಒಪ್ಪುವ ಮುಖವಲ್ಲ ಎಂದು ಹೇಳಿ, ಗಟ್ಟಿ ಮೇಕಪ್ ಬಳಿದು, ಜೋರು ದೀಪ ಹಾಕಿ ಚಿತ್ರಿಸುತ್ತಿದ್ದರು. 1954ರ 'ತೂಶೇ ಪಾ ಓ ಗ್ರಿಸ್ಬಿ' ನೋಡಿದರೆ ಇದು ಗೊತ್ತಾಗುತ್ತದೆ. ಝಾಂ ಗಾಬಾಂ ಎದುರು ಮೊರೋ ಅಲ್ಲಿದ್ದಾರೆ, ಆದರೆ ಮುಂದೆ ನಾವು ಬಲ್ಲ ಮೊರೋ ಇನ್ನೂ ಅಲ್ಲಿಲ್ಲ. ಎಂಟು ಹತ್ತು ವರ್ಷ ಹೀಗೇ ಕಳೆಯಿತು.

ಬದಲಾವಣೆ ಬಂದದ್ದು 1957ರಲ್ಲಿ. ಮಾಲ್ ಅವರ ಮೊದಲ ಕಥಾಚಿತ್ರ 'ಎಲಿವೇಟರ್ ಟು ದ ಗ್ಯಾಲೋಸ್' ಒಂದು ಕೊಲೆಯ ಕಥೆ. ಫ್ಲೋರಾನ್ಸ್ ಎಂಬಾಕೆಯ ಪ್ರಿಯಕರ ಅವಳ ಗಂಡನನ್ನು ಕೊಂದು ಹೊರಬರುವಾಗ ಲಿಫ್ಟಿನಲ್ಲಿ ಸಿಕ್ಕಿಹಾಕಿಕೊಳ್ಳುತ್ತಾನೆ. ಅವನಿಗಾಗಿ ಕಾದು ಸಾಕಾದ ಫ್ಲೋರಾನ್ಸ್ ರಾತ್ರಿಯಿಡೀ ಪ್ಯಾರಿಸ್ಸಿನ ಬೀದಿ ಬೀದಿ ಸುತ್ತುತ್ತಾಳೆ. ಕಥೆಯಲ್ಲಿ ಇಷ್ಟೇ. ಆದರೆ ಆ ಸುತ್ತಾಟವನ್ನು ತೆಗೆದ ಬಗೆ ನೋಡಿ. ಛಾಯಾಗ್ರಾಹಕ ಆನ್ರಿ ದೆಕಾ ಆಗಷ್ಟೇ ಬಳಕೆಗೆ ಬಂದಿದ್ದ, ಕಡಿಮೆ ಬೆಳಕಿನಲ್ಲೂ ಚಿತ್ರ ಮೂಡುವ ಫಿಲ್ಮ್ ಬಳಸಿದರು. ಕ್ಯಾಮೆರಾವನ್ನು ಮಗು ಕೂರಿಸುವ ತಳ್ಳುಗಾಡಿಯಲ್ಲಿಟ್ಟು ಷಾಂಜೆಲಿಜೆ ಬೀದಿಯಲ್ಲಿ ತಳ್ಳಿಕೊಂಡು ಹೋದರು. ಬೇರೆ ದೀಪವಿಲ್ಲ, ಅಂಗಡಿಯ ಗಾಜಿನ ಬೆಳಕು, ಕಾಫಿ ಹೋಟೆಲಿನ ಬೆಳಕು, ಅಷ್ಟೇ. ಮುಖದ ಮೇಲೆ ಮೇಕಪ್ ಇಲ್ಲವೆನ್ನುವಷ್ಟು ಕಡಿಮೆ. ಮಳೆಗೆ ಕೂದಲು ತೊಯ್ದಿದೆ. ಫ್ಲೋರಾನ್ಸ್ ಒಂದು ಅಂಗಡಿಯ ಮುಂದೆ ಬೆಳಗುತ್ತಾಳೆ, ಮುಂದಿನ ಗೋಡೆಯ ಬಳಿ ಕತ್ತಲಾಗುತ್ತಾಳೆ, ಮತ್ತೆ ಬೆಳಗುತ್ತಾಳೆ. ತುಟಿ ಅಲುಗುತ್ತಿದೆ, ತನ್ನಷ್ಟಕ್ಕೇ ಏನೋ ಹೇಳಿಕೊಳ್ಳುತ್ತಿದ್ದಾಳೆ. ದಾರಿಹೋಕರು ನೋಡುತ್ತಾರೆ, ಅವಳಿಗೆ ಅದರ ಪರಿವೆಯೇ ಇಲ್ಲ.

ಫಿಲ್ಮ್ ತೊಳೆಯುವ ಲ್ಯಾಬಿನ ತಂತ್ರಜ್ಞರು ಈ ತುಣುಕುಗಳನ್ನು ಕಂಡು ಗಾಬರಿಯಾಗಿ ನಿರ್ಮಾಪಕರಲ್ಲಿಗೆ ದೂರು ಒಯ್ದರಂತೆ, ಇವರು ನಟಿಯ ಮುಖವನ್ನೇ ಹಾಳು ಮಾಡುತ್ತಿದ್ದಾರೆ ಎಂದು. ಮಾಲ್ ಮುಂದೆ ಇದನ್ನು ನೆನೆದುಕೊಂಡಿದ್ದಾರೆ. ಹಾಳಾದದ್ದು ಮುಖವಲ್ಲ, ಅದರ ಮೇಲೆ ಹತ್ತು ವರ್ಷ ಬಳಿದಿದ್ದ ಬಣ್ಣ. ಒಂದು ವಿಷಯವನ್ನು ಇಲ್ಲಿ ಒತ್ತಿ ಹೇಳಬೇಕು. ಬಣ್ಣವಿಲ್ಲದೆ, ಬೆಳಕಿನ ಭರವಸೆಯಿಲ್ಲದೆ ಕ್ಯಾಮೆರಾದ ಎದುರು ಹೋಗಲು ಒಪ್ಪಿದವರು ಮೊರೋ. ಕಥಾಚಿತ್ರದ ಅನುಭವವಿಲ್ಲದ ಹುಡುಗನೊಬ್ಬನ ಚಿತ್ರಕ್ಕೆ ತಮ್ಮ ಹೆಸರನ್ನು ಒಡ್ಡಿದವರು ಅವರು. ನಡೆಯುವುದನ್ನೇ ನಟನೆ ಮಾಡಬಲ್ಲ ಮೈ ಅವರಿಗೆ ರಂಗದಿಂದ ಬಂದಿತ್ತು. ಆ ಮೈ ಇಲ್ಲದಿದ್ದರೆ ದೆಕಾ ಅವರ ತಳ್ಳುಗಾಡಿ ಏನನ್ನು ಹಿಂಬಾಲಿಸಬೇಕಿತ್ತು?

ಈ ನಡಿಗೆಗೆ ಸಂಗೀತ ಕೊಟ್ಟವರು ಅಮೆರಿಕದ ಜಾಝ್ ಕಲಾವಿದ ಮೈಲ್ಸ್ ಡೇವಿಸ್. 1957ರ ಡಿಸೆಂಬರಿನ ಒಂದೇ ರಾತ್ರಿಯಲ್ಲಿ, ಪರದೆಯ ಮೇಲೆ ದೃಶ್ಯಗಳನ್ನು ಓಡಿಸಿಕೊಂಡು, ನಾಲ್ವರು ಸಂಗಡಿಗರ ಜೊತೆ ಟ್ರಂಪೆಟ್ ನುಡಿಸುತ್ತ ಹೋದರು. ಬರೆದು ತಂದ ಪೂರ್ಣ ಸ್ವರಲಿಪಿ ಇರಲಿಲ್ಲ. ಕೆಲವು ಎಳೆಗಳನ್ನಿಟ್ಟುಕೊಂಡು ಮನೋಧರ್ಮದಲ್ಲೇ ಕಟ್ಟಿದ ಸಂಗೀತ. ಟ್ರಂಪೆಟ್ ಮೊರೋ ಅವರ ಹೆಜ್ಜೆಯ ಗತಿಯನ್ನೇ ಹಿಡಿದಿದೆ.

ಮರುವರ್ಷವೇ ಮಾಲ್ ಅವರ 'ದ ಲವರ್ಸ್'. ಗಂಡ, ಮನೆ, ಮಗು ಎಲ್ಲವನ್ನೂ ಬಿಟ್ಟು, ಒಂದು ರಾತ್ರಿಯ ಪರಿಚಯದವನ ಜೊತೆ ಕಾರು ಹತ್ತಿ ಹೊರಡುವ ಹೆಂಗಸಿನ ಕಥೆ. ವೆನಿಸ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ಬಂತು, ಜೊತೆಗೆ ಗದ್ದಲವೂ. ಅಮೆರಿಕದ ಒಹಾಯೊ ರಾಜ್ಯದಲ್ಲಿ ಅದನ್ನು ತೋರಿಸಿದ ಚಿತ್ರಮಂದಿರದ ಮ್ಯಾನೇಜರನಿಗೆ ಅಶ್ಲೀಲ ಚಿತ್ರ ತೋರಿಸಿದ್ದಕ್ಕಾಗಿ ದಂಡ ಬಿತ್ತು. ಪ್ರಕರಣ ಸುಪ್ರೀಂ ಕೋರ್ಟಿಗೆ ಹೋಗಿ 1964ರಲ್ಲಿ ದಂಡ ರದ್ದಾಯಿತು. ಅಶ್ಲೀಲತೆಗೆ ವ್ಯಾಖ್ಯೆ ಕೊಡಲು ನನ್ನಿಂದಾಗದು, ಕಂಡರೆ ಗುರುತಿಸಬಲ್ಲೆ, ಈ ಚಿತ್ರ ಅಂಥದ್ದಲ್ಲ ಎಂಬ ಅರ್ಥದಲ್ಲಿ ನ್ಯಾಯಮೂರ್ತಿ ಪಾಟರ್ ಸ್ಟೂವರ್ಟ್ ಬರೆದ ಮಾತು ಇಂದಿಗೂ ಕಾನೂನು ತರಗತಿಗಳಲ್ಲಿ ಓಡಾಡುತ್ತದೆ. ನನಗೆ ಅನಿಸುವುದು ಬೇರೆ: ಜನರನ್ನು ಕೆರಳಿಸಿದ್ದು ಮೈ ಕಂಡದ್ದಲ್ಲ. ಆ ಹೆಂಗಸು ಕೊನೆಗೂ ಪಶ್ಚಾತ್ತಾಪ ಪಡುವುದಿಲ್ಲ, ಅವಳಿಗೆ ಶಿಕ್ಷೆಯೂ ಆಗುವುದಿಲ್ಲ. ಬೆಳಗಿನ ಬೆಳಕಿನಲ್ಲಿ ಮೊರೋ ಅವರ ಮುಖದ ಮೇಲೆ ಅಳುಕು ಇದೆ, ತಪ್ಪಿತಸ್ಥ ಭಾವ ಇಲ್ಲ. ಈ ಸೂಕ್ಷ್ಮವನ್ನು ಚಿತ್ರಕಥೆಯ ಯಾವ ಸಾಲೂ ಕೊಡಲಾರದು.

1960ರಲ್ಲಿ ಮಾರ್ಗರಿತ್ ದ್ಯೂರಾಸ್ ಅವರ ಕಾದಂಬರಿ ಆಧರಿಸಿ ಪೀಟರ್ ಬ್ರೂಕ್ ಮಾಡಿದ 'ಮೊದೆರಾತೊ ಕಾಂತಾಬಿಲೆ' ಚಿತ್ರಕ್ಕೆ ಕಾನ್ ಉತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ಬಂತು. ಗ್ರೀಸಿನ ಮೆಲಿನಾ ಮೆರ್ಕೂರಿ ಜೊತೆ ಹಂಚಿಕೊಂಡ ಪ್ರಶಸ್ತಿ. 1961ರಲ್ಲಿ ಇಟಲಿಯ ನಿರ್ದೇಶಕ ಆಂಟೋನಿಯೋನಿ ಅವರ 'ಲಾ ನಾಟೆ'. ಅಲ್ಲಿ ಮಿಲಾನ್ ನಗರದ ಹೊರವಲಯದಲ್ಲಿ ಮತ್ತೊಂದು ಒಂಟಿ ನಡಿಗೆ. ಪ್ಯಾರಿಸ್ಸಿನ ನಡಿಗೆಯಲ್ಲಿ ಹುಡುಕಾಟವಿತ್ತು, ಇದರಲ್ಲಿ ಅದೂ ಇಲ್ಲ. ಚಿತ್ರದ ಕೊನೆಯಲ್ಲಿ ಮೊರೋ ನಟಿಸಿದ ಹೆಂಡತಿ ತನ್ನ ಗಂಡನಿಗೆ ಒಂದು ಹಳೆಯ ಪ್ರೇಮಪತ್ರ ಓದಿ ಹೇಳುತ್ತಾಳೆ. ಯಾರು ಬರೆದದ್ದು ಎಂದು ಅವನು ಕೇಳುತ್ತಾನೆ. ಬರೆದವನು ಅವನೇ. ಮಾರ್ಚೆಲ್ಲೊ ಮಾಸ್ತ್ರೊಯಾನಿಯಂಥ ಸಮರ್ಥ ನಟ ಎದುರಿಗಿದ್ದರೂ ಆ ಗಳಿಗೆ ಪೂರಾ ಮೊರೋ ಅವರದು. ಅವರು ದನಿ ಏರಿಸದೆ ಓದುತ್ತಾರೆ, ಬೇರೆ ಯಾರದೋ ಪತ್ರ ಓದಿದ ಹಾಗೆ.

ಇನ್ನು 'ಜೂಲ್ಸ್ ಅಂಡ್ ಜಿಮ್'. ಫ್ರಾನ್ಸ್ವಾ ತ್ರೂಫೋ ನಿರ್ದೇಶನ, 1962ರ ಬಿಡುಗಡೆ. ಆನ್ರಿ ಪಿಯೇರ್ ರೋಶೆ ಇಳಿವಯಸ್ಸಿನಲ್ಲಿ ಬರೆದ ಕಾದಂಬರಿ ಇದರ ಮೂಲ. ಇಬ್ಬರು ಗೆಳೆಯರು, ಇಬ್ಬರೂ ಪ್ರೀತಿಸುವ ಕಾಥರೀನ್, ನಡುವೆ ಮೊದಲ ಮಹಾಯುದ್ಧ. ಕೈಯಲ್ಲಿ ದುಡ್ಡು ಕಡಿಮೆ, ತಂಡ ಚಿಕ್ಕದು. ಮೊರೋ ತಂಡಕ್ಕೆ ಅಡುಗೆಯನ್ನೂ ಮಾಡಿ ಬಡಿಸುತ್ತಿದ್ದರು. ಗಂಡಸಿನ ಟೋಪಿ ತೊಟ್ಟು, ಮೀಸೆ ಬರೆದುಕೊಂಡು ಸೇತುವೆಯ ಮೇಲೆ ಓಡುವ ಕಾಥರೀನ್ ಈಗ ಸಿನಿಮಾ ಪುಸ್ತಕಗಳ ಮುಖಪುಟವಾಗಿದ್ದಾಳೆ. ನಾನು ಇಲ್ಲಿ ನಿಲ್ಲಬೇಕೆಂದಿರುವುದು ಆ ಓಟದ ಬಳಿಯಲ್ಲ, ಹಾಡಿನ ಬಳಿ.

ಆ ಹಾಡು 'ಲ ತೂರ್ಬಿಯೋಂ'. ಬರೆದವರು ಸೆರ್ಜ್ ರೆಜ್ವಾನಿ. ಟೆಹರಾನಿನಲ್ಲಿ ಹುಟ್ಟಿ ಪ್ಯಾರಿಸ್ಸಿನಲ್ಲಿ ಬೆಳೆದ ಚಿತ್ರಕಾರ. ಬಾಸಿಯಾಕ್ ಎಂಬ ಹೆಸರಿನಲ್ಲಿ ಹಾಡು ಕಟ್ಟುತ್ತಿದ್ದರು. ಸ್ನೇಹಿತರ ಮನೆಯ ಸಂಜೆಗಳಲ್ಲಿ ಗಿಟಾರ್ ಹಿಡಿದು ಹಾಡುತ್ತಿದ್ದ ಹಾಡನ್ನು ತ್ರೂಫೋ ಚಿತ್ರಕ್ಕೆ ತಂದರು. ರೆಜ್ವಾನಿಯವರನ್ನೇ ಆಲ್ಬೇರ್ ಎಂಬ ಪಾತ್ರದಲ್ಲಿ ಕೂರಿಸಿ ಗಿಟಾರ್ ನುಡಿಸಲು ಹೇಳಿದರು. ಕಾಥರೀನ್ ಗಿಟಾರಿನ ಪಕ್ಕ ಕೂತು ಹಾಡುತ್ತಾಳೆ. ಸ್ಟುಡಿಯೋದಲ್ಲಿ ಮೊದಲೇ ಮುದ್ರಿಸಿದ ಹಾಡಿಗೆ ತುಟಿ ಆಡಿಸಿದ್ದಲ್ಲ. ಕ್ಯಾಮೆರಾದ ಮುಂದೆ ನೇರವಾಗಿ ಹಾಡಿದ್ದು. ಹಾಡುತ್ತಾ ಹಾಡುತ್ತಾ ಮೊರೋ ಸಾಲುಗಳನ್ನು ಹಿಂದುಮುಂದು ಮಾಡುತ್ತಾರೆ. ತಪ್ಪಿದ್ದು ಗೊತ್ತಾಗಿ ಕೈಯಲ್ಲಿ ಒಂದು ಸಣ್ಣ ಸನ್ನೆ ಮಾಡುತ್ತಾರೆ, ನಗು ತುಟಿಗೆ ಬಂದು ಹೋಗುತ್ತದೆ, ಹಾಡು ನಿಲ್ಲುವುದಿಲ್ಲ. ತ್ರೂಫೋ ಅದೇ ಟೇಕನ್ನು ಉಳಿಸಿಕೊಂಡರು. ಸರಿಯಾಗಿ ಹಾಡಿದ್ದರೆ ಅದು ಚಿತ್ರದ ನಡುವೆ ಬಂದ ಒಂದು ಹಾಡಾಗಿರುತ್ತಿತ್ತು. ಕೈಸನ್ನೆಯಿಂದಾಗಿ ಅದು ಕಾಥರೀನಳ ಬದುಕಿನ ಒಂದು ಮಧ್ಯಾಹ್ನವಾಯಿತು.

ಹಿನ್ನೆಲೆ ಗಾಯನದ ಪದ್ಧತಿಯಲ್ಲಿ ಬೆಳೆದ ನಮಗೆ ನಟಿಸುವವರು ಬೇರೆ, ಹಾಡುವವರು ಬೇರೆ ಎಂಬುದು ಅಭ್ಯಾಸವಾಗಿದೆ. ಡಾ. ರಾಜ್‌ಕುಮಾರ್ ತಾವೇ ಹಾಡತೊಡಗಿದ ಮೇಲೆ ಪಾತ್ರಕ್ಕೂ ದನಿಗೂ ನಡುವೆ ಇದ್ದ ಬಿರುಕು ಮುಚ್ಚಿಹೋದದ್ದನ್ನು ಕಂಡವರಿಗೆ ನಾನು ಹೇಳುತ್ತಿರುವುದು ಬೇಗ ತಿಳಿಯುತ್ತದೆ. ಆದರೆ ರಾಜ್ ಅವರದು ಶ್ರುತಿಶುದ್ಧವಾದ, ತರಬೇತಾದ ಕಂಠ. ಮೊರೋ ಅವರ ದನಿ ಅಂಥದ್ದಲ್ಲ. ಅದರ ಹರವು ಕಡಿಮೆ, ಸಿಗರೇಟಿನ ಹೊಗೆ ತಾಗಿದ ದನಿ, ಎತ್ತರದ ಸ್ವರಕ್ಕೆ ಹೋಗುವ ಆಸೆಯೇ ಇಲ್ಲ. ಮಾತು ಎಲ್ಲಿ ಮುಗಿದು ಹಾಡು ಎಲ್ಲಿ ಶುರುವಾಯಿತು ಎಂದು ಗೆರೆ ಎಳೆಯಲಾಗದು.

ಈ ದನಿಯ ಬೆಲೆ ಗೊತ್ತಾದದ್ದು ಧ್ವನಿಮುದ್ರಿಕೆ ನಿರ್ಮಾಪಕ ಜಾಕ್ ಕಾನೆಟಿ ಅವರಿಗೆ. ನೊಬೆಲ್ ಪಡೆದ ಲೇಖಕ ಎಲಿಯಾಸ್ ಕಾನೆಟಿಯವರ ಸೋದರ ಈತ. ಬ್ರಾಸೆನ್ಸ್, ಬ್ರೆಲ್ ಮೊದಲಾದ ಗಾಯಕರಿಗೆ ವೇದಿಕೆ ಕೊಟ್ಟು ಬೆಳೆಸಿದವರು. 1963ರಲ್ಲಿ ರೆಜ್ವಾನಿಯವರ ಹನ್ನೆರಡು ಹಾಡುಗಳನ್ನು ಮೊರೋ ದನಿಯಲ್ಲಿ ಮುದ್ರಿಸಿ ತಂದರು. ಆ ಧ್ವನಿಮುದ್ರಿಕೆಗೆ ಷಾರ್ಲ್ ಕ್ರೋ ಅಕಾಡೆಮಿಯ ದೊಡ್ಡ ಪ್ರಶಸ್ತಿ ಬಂತು. ಅದರಲ್ಲಿ 'ಝೇ ಲಾ ಮೆಮ್ವಾರ್ ಕಿ ಫ್ಲಾಂಶ್' ಎಂಬ ಹಾಡಿದೆ. ಹಿಂದೆಂದೋ ಪ್ರೀತಿಸಿದ ಗಂಡಸಿನ ಬಗ್ಗೆ ಒಬ್ಬ ಹೆಂಗಸು ನೆನೆದುಕೊಳ್ಳುತ್ತಾಳೆ, ಆದರೆ ವಿವರ ಯಾವುದೂ ಕೈಗೆ ಸಿಗುವುದಿಲ್ಲ. ಅವನ ಕಣ್ಣು ಯಾವ ಬಣ್ಣ, ಹೆಸರೇನು, ಯಾವುದೂ ಖಚಿತವಿಲ್ಲ. ಗಾಯಕಿಯೊಬ್ಬಳು ಇದನ್ನು ಚುರುಕಾದ ತಮಾಷೆಯ ಹಾಡಾಗಿ ಹಾಡಬಹುದು. ಮೊರೋ ಪ್ರತಿ ಸಾಲಿನ ತುದಿಯಲ್ಲಿ ಕೂದಲೆಳೆಯಷ್ಟು ತಡೆಯುತ್ತಾರೆ. ನಿಜವಾಗಿ ನೆನಪಿಸಿಕೊಳ್ಳಲು ಹೆಣಗುತ್ತಿದ್ದಾರೋ, ನೆನಪಿದ್ದೂ ಮರೆತಂತೆ ನಟಿಸುತ್ತಿದ್ದಾರೋ ತಿಳಿಯದು. ಫ್ರೆಂಚ್ ಬಾರದವರಿಗೂ ಆ ತಡೆ ಕೇಳಿಸುತ್ತದೆ.

ಹಾಡನ್ನು ಅವರು ಬಿಡುವಿನ ಹವ್ಯಾಸ ಮಾಡಿಕೊಳ್ಳಲಿಲ್ಲ. 1970ರ 'ಝಾನ್ ಶಾಂತ್ ಝಾನ್' ಧ್ವನಿಮುದ್ರಿಕೆಯ ಹಾಡುಗಳ ಸಾಹಿತ್ಯ ಅವರದೇ, ಸಂಗೀತ ಜಾಕ್ ದಾತಾಂ ಅವರದು. ದ್ಯೂರಾಸ್ ಅವರ 'ಇಂಡಿಯಾ ಸಾಂಗ್' ಚಿತ್ರದ ಗೀತೆಯನ್ನೂ ಹಾಡಿದರು. 1930ರ ದಶಕದ ಕಲ್ಕತ್ತೆಯಲ್ಲಿ ನಡೆಯುವ ಆ ಕಥೆಯನ್ನು ದ್ಯೂರಾಸ್ ಪೂರಾ ಫ್ರಾನ್ಸಿನಲ್ಲೇ ಚಿತ್ರಿಸಿದ್ದರು. ಬೆಲ್ಜಿಯಮ್ಮಿನ ಕವಿ ನೋರ್ಜ್ ಅವರ ಕವಿತೆಗಳಿಗೂ ದನಿ ಕೊಟ್ಟರು. 1982ರಲ್ಲಿ ಫಾಸ್‌ಬಿಂಡರ್ ಅವರ ಕೊನೆಯ ಚಿತ್ರ 'ಕೆರೆಲ್'ನಲ್ಲಿ ವೇಶ್ಯಾಗೃಹದ ಯಜಮಾನಿಯಾಗಿ ಆಸ್ಕರ್ ವೈಲ್ಡ್ ಸಾಲುಗಳನ್ನು ಇಂಗ್ಲಿಷಿನಲ್ಲಿ ಹಾಡಿದ್ದಾರೆ.

ಅರವತ್ತರ ದಶಕದ ಉಳಿದ ಚಿತ್ರಗಳನ್ನು ಎಣಿಸುತ್ತ ಹೋದರೆ ಹೊತ್ತು ಸಾಲದು. ಜಾಕ್ ದೆಮಿ ಅವರ 'ಬೇ ಆಫ್ ಏಂಜೆಲ್ಸ್'ನಲ್ಲಿ ಬೆಳ್ಳಿಬಣ್ಣದ ಕೂದಲಿನ ಜೂಜುಗಾತಿ. ಬ್ರಿಜಿತ್ ಬಾರ್ದೋ ಜೊತೆ 'ವಿವಾ ಮಾರಿಯಾ'. ಆರ್ಸನ್ ವೆಲ್ಸ್ ಅವರಿಗಾಗಿ 'ದ ಟ್ರಯಲ್', 'ಚೈಮ್ಸ್ ಅಟ್ ಮಿಡ್‌ನೈಟ್', 'ದ ಇಮ್ಮಾರ್ಟಲ್ ಸ್ಟೋರಿ'. ವೆಲ್ಸ್ ಅವರ ಬಳಿ ಹಣವಿರುತ್ತಿರಲಿಲ್ಲವೆಂಬುದು ಜಗಜ್ಜಾಹೀರು. ಆದರೂ ಕರೆದಾಗಲೆಲ್ಲ ಮೊರೋ ಹೋದರು. ಬುನ್ಯುಯೆಲ್ ಅವರ 'ಡೈರಿ ಆಫ್ ಎ ಚೇಂಬರ್‌ಮೇಡ್' ಮಾತ್ರ ಒಂದು ಕಾರಣಕ್ಕೆ ಹೆಸರಿಸುತ್ತೇನೆ. ಮೊರೋ ನಡೆಯುವಾಗ ಹಿಮ್ಮಡಿ ಎತ್ತರದ ಬೂಟಿನ ಮೇಲೆ ಪಾದ ತುಸು ನಡುಗುತ್ತಿತ್ತು ಎಂದು ಬುನ್ಯುಯೆಲ್ ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. ಚಿತ್ರೀಕರಣದಲ್ಲಿ ತಾನು ಆಕೆಯನ್ನು ತಿದ್ದುವ ಬದಲು ಹಿಂಬಾಲಿಸಿದ್ದೇ ಹೆಚ್ಚು, ಪಾತ್ರದ ಬಗ್ಗೆ ತನಗೇ ಹೊಳೆಯದ ಸಂಗತಿಗಳನ್ನು ಆಕೆ ತೋರಿಸಿದರು ಎಂದೂ ಒಪ್ಪಿಕೊಂಡಿದ್ದಾರೆ. ನನ್ನ ವಾದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ.

1971ರ ಏಪ್ರಿಲ್‌ನಲ್ಲಿ ಫ್ರಾನ್ಸಿನ ವಾರಪತ್ರಿಕೆಯೊಂದರಲ್ಲಿ 343 ಹೆಂಗಸರ ಹೇಳಿಕೆ ಪ್ರಕಟವಾಯಿತು. ತಾವು ಗರ್ಭಪಾತ ಮಾಡಿಸಿಕೊಂಡಿದ್ದೇವೆ, ಅದನ್ನು ಕಾನೂನುಬದ್ಧ ಮಾಡಿ ಎಂಬ ಬಹಿರಂಗ ಹೇಳಿಕೆ. ಆಗ ಅದು ಶಿಕ್ಷಾರ್ಹ ಅಪರಾಧ. ಸಿಮೋನ್ ದ ಬೋವಾ ಬರೆದ ಆ ಹೇಳಿಕೆಗೆ ಸಹಿ ಹಾಕಿದವರಲ್ಲಿ ದ್ಯೂರಾಸ್, ಕಾತರೀನ್ ದನವ್, ಝಾನ್ ಮೊರೋ ಇದ್ದರು. 1975ರಲ್ಲಿ ಕಾನೂನು ಬದಲಾಯಿತು. ಪರದೆಯ ಮೇಲೆ ಸ್ವತಂತ್ರ ಹೆಂಗಸಿನ ಪಾತ್ರ ಮಾಡಿ ಹೆಸರು ಗಳಿಸುವುದು ಒಂದು. ಹೆಸರನ್ನೇ ಪಣಕ್ಕಿಟ್ಟು ಪತ್ರಿಕೆಯಲ್ಲಿ ಸಹಿ ಹಾಕುವುದು ಇನ್ನೊಂದು. ಮೊರೋ ಎರಡನ್ನೂ ಮಾಡಿದರು.

ನಲವತ್ತೈದು ದಾಟಿದ ನಟಿಯರಿಗೆ ಎಲ್ಲ ದೇಶದ ಚಿತ್ರರಂಗವೂ ಬಾಗಿಲು ಮುಚ್ಚುತ್ತದೆ. ಮೊರೋ ಆಗ ಕ್ಯಾಮೆರಾದ ಹಿಂದಕ್ಕೆ ಹೋದರು. 1976ರ 'ಲೂಮಿಯೇರ್' ನಟಿಯರ ಸ್ನೇಹದ ಕಥೆ. 1979ರ 'ಲಾದೊಲೆಸಾಂತ್' 1939ರ ಬೇಸಿಗೆಯಲ್ಲಿ ಹಳ್ಳಿಗೆ ಬಂದ ಹುಡುಗಿಯ ಕಥೆ. ಅಜ್ಜಿಯಾಗಿ ಸಿಮೋನ್ ಸಿನ್ಯೊರೆ ಅದ್ಭುತವಾಗಿದ್ದಾರೆ. ಇವು ಮೇರುಕೃತಿಗಳಲ್ಲ. ಆದರೆ ಹೆಂಗಸರು ತಮ್ಮತಮ್ಮಲ್ಲಿ ಮಾತನಾಡುವಾಗಿನ ಲಯ ಅಲ್ಲಿದೆ, ಆ ಕಾಲದ ದೊಡ್ಡ ನಿರ್ದೇಶಕರ ಚಿತ್ರಗಳಲ್ಲಿ ಅದು ಅಪರೂಪ.

1986ರಲ್ಲಿ ಮತ್ತೆ ರಂಗ. ಹೆರ್ಮಾನ್ ಬ್ರೋಖ್ ಅವರ ಬರಹದಿಂದ ರೂಪಿಸಿದ 'ದಾಸಿ ತ್ಸೆರ್ಲಿನಳ ಕಥನ', ಜರ್ಮನಿಯ ಕ್ಲಾವ್ಸ್ ಮಿಖಾಯೆಲ್ ಗ್ರೂಬರ್ ನಿರ್ದೇಶನ. ಮುದಿ ಸೇವಕಿಯೊಬ್ಬಳು ತನ್ನ ಬದುಕಿನ ಪ್ರೀತಿ, ಸೇಡುಗಳನ್ನು ಹೇಳಿಕೊಳ್ಳುತ್ತ ಹೋಗುವ ಏಕಾಲಾಪ. ಹೊಸ ಅಲೆಯ ಸುಂದರಿಯೆಂದು ಜಗತ್ತು ಬಲ್ಲ ಮೊರೋ ಅಲ್ಲಿ ಕೆಲಸದವಳ ಉಡುಗೆಯಲ್ಲಿ ನಿಂತರು. ಈ ನಾಟಕಕ್ಕೆ 1988ರಲ್ಲಿ ಫ್ರೆಂಚ್ ರಂಗಭೂಮಿಯ ಮೋಲಿಯೇರ್ ಪ್ರಶಸ್ತಿ ಬಂತು. ಫ್ರೆಂಚ್ ಸಿನಿಮಾದ ಸೆಜಾರ್ ಶ್ರೇಷ್ಠ ನಟಿ ಪ್ರಶಸ್ತಿ ಬಂದದ್ದು 1992ರಲ್ಲಿ, ಅರವತ್ತನಾಲ್ಕರ ವಯಸ್ಸಿಗೆ. 2000ದಲ್ಲಿ ಫ್ರಾನ್ಸಿನ ಲಲಿತಕಲಾ ಅಕಾಡೆಮಿಗೆ ಆಯ್ಕೆಯಾದರು. ಅಲ್ಲಿ ಆ ಗೌರವ ಪಡೆದ ಮೊದಲ ಮಹಿಳೆ. ಕಾನ್ ಉತ್ಸವದ ತೀರ್ಪುಗಾರರ ಮಂಡಳಿಗೆ ಎರಡು ಬಾರಿ, 1975 ಮತ್ತು 1995ರಲ್ಲಿ, ಅಧ್ಯಕ್ಷರಾಗಿದ್ದರು. ಎರಡನೆಯ ಸಲದ ಉದ್ಘಾಟನೆಯಲ್ಲಿ ಎಳೆಯ ಗಾಯಕಿ ವನೆಸ್ಸಾ ಪಾರಾದಿ 'ಲ ತೂರ್ಬಿಯೋಂ' ಹಾಡತೊಡಗಿದಾಗ ಮೊರೋ ದನಿಗೂಡಿಸಿದರು. ಮೂವತ್ತಮೂರು ವರ್ಷಗಳ ನಂತರ ದನಿ ಇನ್ನಷ್ಟು ಒರಟಾಗಿತ್ತು. ಅದನ್ನು ಮರೆಮಾಚುವ ಗೋಜಿಗೆ ಅವರು ಹೋಗಲಿಲ್ಲ.

ಎಂಬತ್ತೆರಡರ ವಯಸ್ಸಿನಲ್ಲಿ, 2010ರಲ್ಲಿ, ಗಾಯಕ ಎತಿಯೆನ್ ದಾವೋ ಜೊತೆಗೂಡಿ ಲೇಖಕ ಝಾಂ ಜೆನೆ ಸೆರೆಮನೆಯಲ್ಲಿ ಬರೆದ ದೀರ್ಘ ಕವಿತೆಯನ್ನು ಧ್ವನಿಮುದ್ರಿಸಿದರು. ದಾವೋ ಹಾಡುತ್ತಾರೆ, ಮೊರೋ ನುಡಿಯುತ್ತಾರೆ. ಮರುವರ್ಷ ಅದನ್ನೇ ಅವಿನ್ಯೋನ್‌ನ ಅರಮನೆಯ ಅಂಗಳದಲ್ಲಿ ಪ್ರಸ್ತುತಪಡಿಸಿದರು. 1947ರಲ್ಲಿ ಸಣ್ಣ ಪಾತ್ರಗಳಲ್ಲಿ ನಿಂತ ಊರು ಅದು. ಅಷ್ಟರಲ್ಲಿ ಆಂಜೆ ಎಂಬ ಊರಿನಲ್ಲಿ ಮೊದಲ ಚಿತ್ರಕ್ಕೆ ಸಿದ್ಧವಾಗುವ ಯುವ ನಿರ್ದೇಶಕರಿಗಾಗಿ ಕಮ್ಮಟವನ್ನೂ ಕಟ್ಟಿದ್ದರು. ಕಥಾಚಿತ್ರದ ಅನುಭವವಿಲ್ಲದ ಹುಡುಗನೊಬ್ಬನನ್ನು ನಂಬಿ ರಾತ್ರಿಯ ಬೀದಿಗಿಳಿದ ನಟಿಗೆ ಹೊಸಬರ ಮೇಲಿನ ಆ ನಂಬಿಕೆ ಕೊನೆಯವರೆಗೂ ಹೋಗಲಿಲ್ಲ.

ಇಲ್ಲಿರುವ ವಿದ್ಯಾರ್ಥಿಗಳಲ್ಲಿ ನನ್ನದೊಂದು ಕೋರಿಕೆ. ಮೊದಲು 'ಎಲಿವೇಟರ್ ಟು ದ ಗ್ಯಾಲೋಸ್' ನೋಡಿ, ಆಮೇಲೆ 'ಲಾ ನಾಟೆ', ಆಮೇಲೆ 'ಜೂಲ್ಸ್ ಅಂಡ್ ಜಿಮ್'. ಮೂರನ್ನೂ ನೋಡುವಾಗ ನಿರ್ದೇಶಕರ ಹೆಸರನ್ನು ಸ್ವಲ್ಪ ಹೊತ್ತು ಬದಿಗಿಟ್ಟು, ಆ ನಟಿ ಏನು ಮಾಡುತ್ತಿದ್ದಾರೆ ಎಂಬುದನ್ನಷ್ಟೇ ಗಮನಿಸಿ. 1963ರ ಆ ಹನ್ನೆರಡು ಹಾಡುಗಳನ್ನೂ ಕೇಳಿ. ನಾಟಕ, ಸಿನಿಮಾ ಅಭ್ಯಾಸ ಮಾಡುವವರು ಈ ಚಿತ್ರಗಳ ಬಗ್ಗೆ ಮುಂದೆ ಬರೆಯುವಾಗ ಮೊರೋ ಅವರ ಹೆಸರನ್ನು ನಿರ್ದೇಶಕರ ಹೆಸರಿನ ಸಮಕ್ಕೆ ಇಟ್ಟು ಬರೆಯಿರಿ. ಅದು ಅವರು ದುಡಿದು ಗಳಿಸಿದ ಜಾಗ.